ಲ್ಯಾಬಿನ 40 ಕಂಪ್ಯೂಟರ್‌ಗಳ ಅಪ್‌ಡೇಟ್‌ಗೆ ನಾವೇ ಪ್ರೋಗ್ರಾಂ ಬರೆಯಬಹುದಾ?

ಪ್ರಶ್ನೆ: ಸರ್, ನಾನು ಒಂದು ಪದವಿ ಕಾಲೇಜಿನ ಕಂಪ್ಯೂಟರ್ ಲ್ಯಾಬ್ ನೋಡಿಕೊಳ್ಳುತ್ತೇನೆ. 40 ಕಂಪ್ಯೂಟರ್‌ಗಳಿವೆ. ಅರ್ಧ ವಿಂಡೋಸ್ 10, ಅರ್ಧ ವಿಂಡೋಸ್ 11. ಎಲ್ಲವೂ ಪ್ರೊ. ಇಡೀ ಲ್ಯಾಬಿಗೆ ಒಂದೇ ಬ್ರಾಡ್‌ಬ್ಯಾಂಡ್ ಲೈನ್. ಪ್ರಾಕ್ಟಿಕಲ್ ನಡೆಯುವಾಗಲೇ ಅಪ್‌ಡೇಟ್ ಶುರುವಾಗಿ ನೆಟ್ ನಿಂತೇ ಹೋಗುತ್ತದೆ. ಕೆಲವು ರೀಸ್ಟಾರ್ಟ್ ಆಗಿಬಿಡುತ್ತವೆ. ಬೇಸತ್ತು ವಿಂಡೋಸ್ ಅಪ್‌ಡೇಟ್ ಸರ್ವಿಸನ್ನೇ ಡಿಸೇಬಲ್ ಮಾಡಿದೆ. ಸ್ವಲ್ಪ ದಿನಕ್ಕೆ ನೋಡಿದರೆ ಅದು ತಾನಾಗಿಯೇ ಆನ್ ಆಗಿತ್ತು. ನನಗೆ ಪೈಥಾನ್ ಸ್ವಲ್ಪ ಬರುತ್ತದೆ. ನಾನು ಹೇಳಿದಾಗ ಮಾತ್ರ ಅಪ್‌ಡೇಟ್ ಆಗುವ ಹಾಗೆ ಒಂದು ಪ್ರೋಗ್ರಾಂ ಬರೆಯಬಹುದಾ?
– ಲ್ಯಾಬ್ ಬೋಧಕಿ, ಒಂದು ತಾಲ್ಲೂಕು ಕೇಂದ್ರದಿಂದ

ಉತ್ತರ: ಬರೆಯಬಹುದು ಮೇಡಂ. ಅಷ್ಟೇನೂ ಕಷ್ಟವಲ್ಲ. ಬೇಕಾದ ಅಪ್‌ಡೇಟ್ ಹುಡುಕುವುದು, ಇಳಿಸಿಕೊಳ್ಳುವುದು, ಹಾಕುವುದು, ಈ ಮೂರಕ್ಕೆ 30-40 ಸಾಲು ಕೋಡ್ ಸಾಕು. ಮೈ ಬಗ್ಗಿಸಿ ಮಾಡುವ ಕೆಲಸವನ್ನೆಲ್ಲ ವಿಂಡೋಸೇ ಮಾಡುತ್ತದೆ. ನಿಮ್ಮ ಪ್ರೋಗ್ರಾಂ ಮಾಡಬೇಕಾದದ್ದು ಮದುವೆ ಮನೆಯ ಉಸ್ತುವಾರಿಯವರ ಕೆಲಸ. ಯಾರು ಯಾವಾಗ ಏಳಬೇಕು, ಯಾವ ಪಂಕ್ತಿ ಮೊದಲು, ಯಾರದ್ದು ಆಯಿತು, ಯಾರದ್ದು ಬಾಕಿ. ಎಡವುವವರು ಎಡವುವುದು ಈ ಭಾಗದಲ್ಲೇ. ನಾನೂ ಎಡವಿದ್ದೇನೆ, ಅದನ್ನು ಮುಂದೆ ಹೇಳುತ್ತೇನೆ.

ಮೊದಲು ಒಂದು ಮಾತು. ಆ ಸರ್ವಿಸನ್ನು ಮತ್ತೆ ಡಿಸೇಬಲ್ ಮಾಡಲು ಹೋಗಬೇಡಿ. ಅದು ತಾನಾಗಿ ಆನ್ ಆಗಿದ್ದು ವೈರಸ್ಸಿನಿಂದ ಅಲ್ಲ. ವಿಂಡೋಸ್ ಅಪ್‌ಡೇಟ್ ಮೆಡಿಕ್ ಸರ್ವಿಸ್ ಅಂತ ಇನ್ನೊಂದು ಸರ್ವಿಸ್ ಇದೆ. ಅಪ್‌ಡೇಟ್‌ಗೆ ಬೇಕಾದ ಭಾಗಗಳು ಕೆಟ್ಟಿದ್ದರೆ, ನಿಂತಿದ್ದರೆ ಸರಿಮಾಡುವುದೇ ಅದರ ಕೆಲಸ. ಅದರ ಜೊತೆ ಗುದ್ದಾಡಿ ಗೆಲ್ಲುವುದಿಲ್ಲ. ಗೆದ್ದರೂ ನಷ್ಟ ನಿಮಗೇ. ನೀವು ಬರೆಯುವ ಪ್ರೋಗ್ರಾಂ ಕೂಡ ನೀವು ಡಿಸೇಬಲ್ ಮಾಡಿದ ಆ ವಿಂಡೋಸ್ ಅಪ್‌ಡೇಟ್ ಸರ್ವಿಸ್ ಮೂಲಕವೇ ಕೆಲಸ ಮಾಡಬೇಕು. ಸರ್ವಿಸ್ ಡಿಸೇಬಲ್ ಆಗಿದ್ದರೆ 80070422 ಎಂಬ ಎರರ್ ಬಂದು ನಿಂತುಬಿಡುತ್ತದೆ.

ಅಪ್‌ಡೇಟ್ ಇಲ್ಲದೆ ಬಿಟ್ಟರೆ ಏನಾಗುತ್ತದೆ ಅನ್ನುವುದಕ್ಕೆ ವನ್ನಾಕ್ರೈ ನೆನಪಿಸಿಕೊಳ್ಳಿ, ಫೈಲುಗಳಿಗೆ ಬೀಗ ಹಾಕಿ ಹಣ ಕೇಳುತ್ತಿದ್ದ ಕುತಂತ್ರಾಂಶ. ಅದು ನುಗ್ಗಿದ ತೂತಿಗೆ ಮೈಕ್ರೋಸಾಫ್ಟ್ 2017ರ ಮಾರ್ಚ್ 14ರಂದೇ ತೇಪೆ ಕೊಟ್ಟಿತ್ತು. ದಾಳಿ ಆಗಿದ್ದು ಮೇ 12ಕ್ಕೆ. ಸುಮಾರು ಎರಡು ತಿಂಗಳು ಸಮಯವಿತ್ತು. ಹಾಕಿಕೊಳ್ಳದ ಯಂತ್ರಗಳು ಸಿಕ್ಕಿಬಿದ್ದವು. ಬ್ರಿಟನ್ನಿನ ಸರ್ಕಾರಿ ಆಸ್ಪತ್ರೆಗಳಲ್ಲಿ ರೋಗಿಗಳ ಅಪಾಯಿಂಟ್‌ಮೆಂಟ್‌ಗಳನ್ನೇ ರದ್ದು ಮಾಡಬೇಕಾಯಿತು. ಅದು ಒಂದು ಯಂತ್ರದಿಂದ ಪಕ್ಕದ ಯಂತ್ರಕ್ಕೆ ನೆಟ್‌ವರ್ಕ್ ಮೂಲಕ ತಾನೇ ಹರಡುವಂಥದ್ದು. ಒಂದೇ ಸ್ವಿಚ್ಚಿಗೆ 40 ಕಂಪ್ಯೂಟರ್ ಜೋಡಿಸಿದ ಲ್ಯಾಬ್ ಇಂಥದ್ದಕ್ಕೆ ಹೇಳಿ ಮಾಡಿಸಿದ ಜಾಗ.

ಹಾಗಾದರೆ ಅಪ್‌ಡೇಟ್ ತಾನಾಗಿ ಶುರುವಾಗದ ಹಾಗೆ ತಡೆಯುವುದು ಹೇಗೆ? ಗ್ರೂಪ್ ಪಾಲಿಸಿಯಿಂದ, ಅಂದರೆ ವಿಂಡೋಸ್ ಹೇಗೆ ನಡೆದುಕೊಳ್ಳಬೇಕು ಎಂದು ಅಡ್ಮಿನ್ ಹಾಕುವ ನಿಯಮಗಳಿಂದ. ವಿಂಡೋಸ್ ಕಾಂಪೊನೆಂಟ್ಸ್ ಒಳಗೆ ವಿಂಡೋಸ್ ಅಪ್‌ಡೇಟ್, ಅದರಲ್ಲಿ ಕಾನ್ಫಿಗರ್ ಆಟೋಮ್ಯಾಟಿಕ್ ಅಪ್‌ಡೇಟ್ಸ್. ಅಲ್ಲಿ 2ನೇ ಆಯ್ಕೆ ಕೊಡಿ. ಇಳಿಸುವ ಮೊದಲೇ ಕೇಳು ಎಂದು ಅದರ ಅರ್ಥ. ಸರ್ವಿಸ್ ಎಚ್ಚರವಾಗಿಯೇ ಇರುತ್ತದೆ, ಆದರೆ ತಾನಾಗಿ ಇಳಿಸಲು ಹೋಗುವುದಿಲ್ಲ. ನಿಮ್ಮ ಪ್ರೋಗ್ರಾಂ ಕರೆದಾಗ ಕೆಲಸಕ್ಕೆ ಬರುತ್ತದೆ. ನಿಮ್ಮದು ಪ್ರೊ ಆಗಿರುವುದು ಒಳ್ಳೆಯದೇ ಆಯಿತು. ಹೋಮ್‌ನಲ್ಲಿ ಗ್ರೂಪ್ ಪಾಲಿಸಿ ಎಡಿಟರ್ ಇರುವುದಿಲ್ಲ.

ಈಗ ಕೋಡ್. ಪೈಥಾನಿನಲ್ಲಿ ಪೈವಿನ್32 ಎಂಬ ಲೈಬ್ರರಿ ಹಾಕಿಕೊಂಡು ಮಾಡಬಹುದು. ಆದರೆ 40 ಯಂತ್ರಗಳಿಗೂ ಪೈಥಾನ್ ಹಾಕಿ, ಅದನ್ನೂ ಅಪ್‌ಡೇಟ್ ಮಾಡುತ್ತಾ ಕೂರಬೇಕು. ಪವರ್‌ಶೆಲ್ 5.1 ಎಂಬ ಸ್ಕ್ರಿಪ್ಟ್ ಭಾಷೆ ವಿಂಡೋಸ್ ಜೊತೆಗೇ ಬಂದಿರುತ್ತದೆ. ಅದರಲ್ಲೇ ಬರೆಯಿರಿ. ಪೈಥಾನ್ ಬರುವವರಿಗೆ ವಾರದಲ್ಲಿ ಕೈಗೆ ಹತ್ತುತ್ತದೆ.

ವಿಂಡೋಸ್ ಅಪ್‌ಡೇಟ್ ಏಜೆಂಟ್ ಎಪಿಐ ಎಂಬುದು ಬಹಳ ಹಿಂದಿನಿಂದ ಇದೆ. ನಮ್ಮ ಪ್ರೋಗ್ರಾಂ ವಿಂಡೋಸ್ ಅಪ್‌ಡೇಟ್ ಜೊತೆ ಮಾತಾಡುವ ಬಾಗಿಲು ಅದು. ಮೊದಲು ಮೈಕ್ರೋಸಾಫ್ಟ್ ಡಾಟ್ ಅಪ್‌ಡೇಟ್ ಡಾಟ್ ಸೆಷನ್ ಎಂಬ ಕಾಮ್ ಆಬ್ಜೆಕ್ಟ್ ಮಾಡಿಕೊಳ್ಳಬೇಕು. ಅದರಿಂದ ಸರ್ಚರ್, ಡೌನ್‌ಲೋಡರ್, ಇನ್‌ಸ್ಟಾಲರ್ ಎಂಬ ಮೂರು ಆಬ್ಜೆಕ್ಟ್ ಸಿಗುತ್ತವೆ. ಸರ್ಚರ್‌ಗೆ ಮೂರು ಷರತ್ತು ಕೊಡಿ. ಈಸ್‌ಇನ್‌ಸ್ಟಾಲ್ಡ್ 0 ಆಗಿರಬೇಕು, ಈಸ್‌ಹಿಡನ್ 0 ಆಗಿರಬೇಕು, ಟೈಪ್ ಸಾಫ್ಟ್‌ವೇರ್ ಆಗಿರಬೇಕು. ಮೂರನೆಯದನ್ನು ಮರೆಯಬೇಡಿ. ಅದಿಲ್ಲದಿದ್ದರೆ ಡ್ರೈವರ್‌ಗಳೂ ಪಟ್ಟಿಗೆ ಬರುತ್ತವೆ. ಚೆನ್ನಾಗಿ ನಡೆಯುತ್ತಿರುವ ಲ್ಯಾಬಿನಲ್ಲಿ ಡಿಸ್‌ಪ್ಲೇ ಡ್ರೈವರ್ ಬದಲಾಯಿಸುವ ಅಗತ್ಯ ಸಾಮಾನ್ಯವಾಗಿ ಇರುವುದಿಲ್ಲ. ಇದರ ಜೊತೆಗೆ ಬ್ರೌಸ್‌ಓನ್ಲಿ 0 ಅಂತ ಕೊಟ್ಟರೆ, ತಿಂಗಳ ಕೊನೆಗೆ ಬರುವ ಐಚ್ಛಿಕ ಪ್ರಿವ್ಯೂಗಳೂ ದೂರ ಉಳಿಯುತ್ತವೆ.

ಸಿಕ್ಕ ಪಟ್ಟಿಯಲ್ಲಿ ಒಂದೊಂದನ್ನೂ ನೋಡಿ, ಲೈಸೆನ್ಸ್ ಒಪ್ಪಿಗೆ ಬಾಕಿ ಇದ್ದರೆ ಆಕ್ಸೆಪ್ಟ್‌ಯೂಲಾ ಕರೆಯಿರಿ. ಆಮೇಲೆ ಡೌನ್‌ಲೋಡ್, ಆಮೇಲೆ ಇನ್‌ಸ್ಟಾಲ್. ಇನ್‌ಸ್ಟಾಲ್ ಮುಗಿದಾಗ ರಿಸಲ್ಟ್‌ಕೋಡ್ ಎಂಬ ಅಂಕಿ ಬರುತ್ತದೆ. 2 ಅಂದರೆ ಆಯಿತು. 3 ಅಂದರೆ ಆಯಿತು, ಆದರೆ ಎಲ್ಲೋ ತಪ್ಪೂ ಆಗಿದೆ. 4 ಅಂದರೆ ಆಗಲಿಲ್ಲ. 5 ಅಂದರೆ ಮಧ್ಯದಲ್ಲಿ ನಿಂತಿತು. ಒಟ್ಟು ಅಂಕಿ 3 ಬಂದಾಗ ಯಾವ ಅಪ್‌ಡೇಟ್ ಕೈಕೊಟ್ಟಿತು ಅಂತ ತಿಳಿಯಲು ಗೆಟ್‌ಅಪ್‌ಡೇಟ್‌ರಿಸಲ್ಟ್ ಬಳಸಿ ಒಂದೊಂದರ ಫಲಿತಾಂಶವನ್ನೂ ಬೇರೆಬೇರೆ ಬರೆದಿಡಿ. ಮ್ಯಾಕ್ಸ್‌ಡೌನ್‌ಲೋಡ್‌ಸೈಜ್ ನೋಡಿ ಗಾಬರಿಯಾಗಬೇಡಿ. ಅದು ಗರಿಷ್ಠ ಅಳತೆ. ನಿಜವಾಗಿ ಇಳಿಯುವುದು ಅದಕ್ಕಿಂತ ತುಂಬಾ ಕಡಿಮೆ ಇರಬಹುದು.

ಇಷ್ಟು ಬರೆದ ಮೇಲೆ ಎಲ್ಲರೂ ಮಾಡುವ ಮುಂದಿನ ಕೆಲಸ, ತಮ್ಮ ಮೇಜಿನಿಂದಲೇ ರಿಮೋಟಿನಲ್ಲಿ 40 ಯಂತ್ರಗಳ ಮೇಲೆ ಓಡಿಸುವುದು. ಹುಡುಕುವ ಭಾಗ ಚೆನ್ನಾಗಿ ಓಡುತ್ತದೆ. ಡೌನ್‌ಲೋಡ್‌ಗೆ ಬಂದ ಕೂಡಲೇ 80070005, ಅನುಮತಿ ಇಲ್ಲ ಎನ್ನುತ್ತದೆ. ನೀವು ಅಡ್ಮಿನ್ ಆಗಿದ್ದರೂ ಅಷ್ಟೇ. ಅದು ನಿಮ್ಮ ಕೋಡಿನ ತಪ್ಪಲ್ಲ. ದೂರದಿಂದ ಬಂದ ಸೆಷನ್ನಿನಲ್ಲಿ ಇಳಿಸುವುದನ್ನೂ ಹಾಕುವುದನ್ನೂ ಈ ಎಪಿಐ ಬೇಕೆಂದೇ ತಡೆಯುತ್ತದೆ. ಎಷ್ಟೋ ಜನ ಇಲ್ಲಿ ದಿನಗಟ್ಟಲೆ ಅನುಮತಿ ಬದಲಾಯಿಸುತ್ತಾ ಕೂತಿರುತ್ತಾರೆ. ಸ್ಕ್ರಿಪ್ಟನ್ನು ಆಯಾ ಯಂತ್ರದಲ್ಲೇ ಇಟ್ಟು, ಟಾಸ್ಕ್ ಶೆಡ್ಯೂಲರ್ (ಹೇಳಿದ ಹೊತ್ತಿಗೆ ಕೆಲಸ ಶುರುಮಾಡುವ ವಿಂಡೋಸ್ ಸಾಧನ) ಮೂಲಕ ವಿಂಡೋಸ್‌ನದ್ದೇ ಆದ ಸಿಸ್ಟಂ ಖಾತೆಯಲ್ಲಿ ಓಡಿಸಿದರೆ ಕೆಲಸ ಆಗುತ್ತದೆ. ರಿಮೋಟಿನಿಂದ ಆ ಟಾಸ್ಕಿಗೆ ಶುರುಮಾಡು ಎಂದಷ್ಟೇ ಹೇಳಿ. ನಿಮ್ಮ ಕಾಲೇಜಿನಲ್ಲಿ ಪ್ರಾಕ್ಸಿ (ನೆಟ್‌ಗೆ ಹೋಗುವ ಮಧ್ಯದ ಸರ್ವರ್) ಇದ್ದರೆ ಇನ್ನೊಂದು ಸಂಗತಿ. ಬ್ರೌಸರಿನಲ್ಲಿ ಹಾಕಿದ ಪ್ರಾಕ್ಸಿ ಸಿಸ್ಟಂ ಖಾತೆಗೆ ಕಾಣುವುದಿಲ್ಲ. ನೆಟ್‌ಎಸ್‌ಎಚ್ ಕಮಾಂಡಿನಿಂದ ವಿನ್‌ಎಚ್‌ಟಿಟಿಪಿ ಪ್ರಾಕ್ಸಿಯನ್ನು ಬೇರೆಯಾಗಿ ಹಾಕಬೇಕು.

ನಾನು ಎಡವಿದ್ದು ಈ ಟಾಸ್ಕ್ ಶೆಡ್ಯೂಲರಿನಲ್ಲೇ. ಕೆಲವು ವರ್ಷದ ಹಿಂದೆ ಒಂದು ಕಾಲೇಜಿನ ಲ್ಯಾಬಿಗೆ ಹೀಗೇ ಸ್ಕ್ರಿಪ್ಟ್ ಬರೆದುಕೊಟ್ಟಿದ್ದೆ. ಶನಿವಾರ ಮಧ್ಯಾಹ್ನ 3ಕ್ಕೆ ಓಡಬೇಕು, ಮುಗಿದ ಮೇಲೆ ರೀಸ್ಟಾರ್ಟ್. ಅದರಲ್ಲಿ ಒಂದು ಆಯ್ಕೆ ಇದೆ, ಹೊತ್ತು ತಪ್ಪಿದರೆ ಆದಷ್ಟು ಬೇಗ ಓಡಿಸು ಎಂದು. ಒಳ್ಳೆಯದೇ ಅಲ್ವಾ ಅಂದುಕೊಂಡು ಟಿಕ್ ಹಾಕಿದೆ. ಆ ಶನಿವಾರ ಯಾವುದೋ ಕಾರಣಕ್ಕೆ ಲ್ಯಾಬ್ ತೆಗೆಯಲಿಲ್ಲ. ಸೋಮವಾರ ಬೆಳಗ್ಗೆ ಪ್ರಾಕ್ಟಿಕಲ್ ಪರೀಕ್ಷೆ. ಎಲ್ಲ ಯಂತ್ರ ಒಟ್ಟಿಗೆ ಆನ್ ಆದವು. ತಪ್ಪಿದ ಟಾಸ್ಕ್ ಎಲ್ಲದರಲ್ಲೂ ಒಟ್ಟಿಗೆ ಓಡಿತು. ಪರೀಕ್ಷೆ ಅರ್ಧಕ್ಕೆ ಬಂದಾಗ ಸ್ಕ್ರೀನುಗಳು ಒಂದೊಂದಾಗಿ ಕಪ್ಪಾದವು. ಒಬ್ಬ ಹುಡುಗಿ ಬರೆದಿದ್ದ ಪ್ರೋಗ್ರಾಂ ಸೇವ್ ಆಗಿರಲಿಲ್ಲ. ಪರೀಕ್ಷಕರು ಅವಳಿಗೆ ಮತ್ತೆ ಸಮಯ ಕೊಟ್ಟರು. ಆದರೆ ಅವಳ ಮುಖ ನನಗೆ ಇವತ್ತಿಗೂ ಮರೆತಿಲ್ಲ. ತಪ್ಪು ಪೂರ್ತಿ ನನ್ನದೇ.

ಅವತ್ತಿನಿಂದ ಸಮಯ ನೋಡುವ ಕೆಲಸವನ್ನು ಶೆಡ್ಯೂಲರಿಗೆ ಮಾತ್ರ ಬಿಡುವುದಿಲ್ಲ. ಸ್ಕ್ರಿಪ್ಟಿನ ಮೊದಲ ಸಾಲುಗಳಲ್ಲೇ ಮೂರು ಪ್ರಶ್ನೆ ಇರುತ್ತವೆ. ಈಗ ಒಪ್ಪಿದ ಹೊತ್ತಿನ ಒಳಗಿದ್ದೇವಾ? ಇವತ್ತಿನ ತಾರೀಖು ಪರೀಕ್ಷೆಯ ಪಟ್ಟಿಯಲ್ಲಿ ಇದೆಯಾ? ಯಾರಾದರೂ ಲಾಗಿನ್ ಆಗಿದ್ದಾರಾ? ಒಂದಕ್ಕೆ ತಪ್ಪು ಉತ್ತರ ಬಂದರೂ ಸುಮ್ನೆ ಹೊರಗೆ ಬರಬೇಕು. ಪರೀಕ್ಷೆಯ ಪಟ್ಟಿ ಅಂದರೆ ದೊಡ್ಡದೇನಲ್ಲ, ಶೇರ್ಡ್ ಫೋಲ್ಡರಿನಲ್ಲಿ ತಾರೀಖು ಬರೆದಿಟ್ಟ ಒಂದು ಟೆಕ್ಸ್ಟ್ ಫೈಲ್. ಅದರ ಪಕ್ಕದಲ್ಲಿ 'ನಿಲ್ಲಿಸು' ಅಂತ ಹೆಸರಿನ ಖಾಲಿ ಫೈಲ್ ಇಟ್ಟರೆ ಎಲ್ಲ ಯಂತ್ರಗಳೂ ತಡೆಯಬೇಕು. ನೀವು ರಜೆಯಲ್ಲಿದ್ದಾಗಲೂ ಸಹೋದ್ಯೋಗಿಗೆ ಫೋನಿನಲ್ಲಿ ಹೇಳಿ ಇಡಿಸಬಹುದು. ಶೇರ್ಡ್ ಫೋಲ್ಡರೇ ಸಿಗದಿದ್ದರೆ? ಆಗಲೂ ಏನೂ ಮಾಡಬಾರದು. ಆದರೆ 14 ದಿನ ಹೀಗೆ ಏನೂ ಮಾಡದೆ ಕಳೆದ ಯಂತ್ರದ ಹೆಸರು ನಿಮ್ಮ ಕಣ್ಣಿಗೆ ಬೀಳುವಂತಿರಬೇಕು. ಇಲ್ಲದಿದ್ದರೆ ಈ ಎಚ್ಚರಿಕೆಯೇ ಅಪ್‌ಡೇಟ್ ಆಗದಿರಲು ನೆಪವಾಗುತ್ತದೆ.

ಈಗ ಯಾವ ದಿನ ಅನ್ನುವುದು. 2003ರ ಅಕ್ಟೋಬರ್‌ನಿಂದ ಮೈಕ್ರೋಸಾಫ್ಟ್ ಪ್ರತಿ ತಿಂಗಳ ಎರಡನೇ ಮಂಗಳವಾರ ಭದ್ರತಾ ಅಪ್‌ಡೇಟ್ ಬಿಡುತ್ತಿದೆ. ಅಮೆರಿಕದ ಪಶ್ಚಿಮ ಕರಾವಳಿಯಲ್ಲಿ ಬೆಳಗ್ಗೆ 10 ಗಂಟೆ. ನಮಗೆ ಅದು ಮಂಗಳವಾರ ರಾತ್ರಿ 10:30, ಅವರ ಚಳಿಗಾಲದಲ್ಲಿ 11:30. ಹಾಗಾಗಿ ನಮ್ಮ ಲ್ಯಾಬಿನ ಮಟ್ಟಿಗೆ ಅದು ಬುಧವಾರ ಬೆಳಗ್ಗೆ. ನಿಮ್ಮ ನೆಟ್ ನಿಂತ ದಿನಗಳನ್ನು ಕ್ಯಾಲೆಂಡರಿನಲ್ಲಿ ಗುರುತಿಸಿ ನೋಡಿ, ಆ ಬುಧ, ಗುರುವಾರಗಳೇ ಜಾಸ್ತಿ ಇರಬಹುದು. ಇಲ್ಲಿ ಕೋಡ್ ಬರೆಯುವವರು ಮಾಡುವ ಒಂದು ತಪ್ಪಿದೆ. ಎರಡನೇ ಬುಧವಾರ ಅಂತ ಬರೆದುಬಿಡುತ್ತಾರೆ. ತಿಂಗಳು ಬುಧವಾರವೇ ಶುರುವಾದರೆ ಎರಡನೇ ಬುಧವಾರ 8ಕ್ಕೆ ಬರುತ್ತದೆ, ಎರಡನೇ ಮಂಗಳವಾರ 14ಕ್ಕೆ. 2025ರ ಅಕ್ಟೋಬರ್ ಹಾಗೇ ಇತ್ತು. ಲೆಕ್ಕ ಸುಲಭ. ಎರಡನೇ ಮಂಗಳವಾರ ಯಾವಾಗಲೂ 8ರಿಂದ 14ರ ಒಳಗೇ ಬರುತ್ತದೆ. ಆ ಮಂಗಳವಾರ ಕಂಡುಹಿಡಿದು ಅದಕ್ಕೆ ದಿನ ಕೂಡಿಸಿ.

ಬುಧವಾರ ಎಲ್ಲದಕ್ಕೂ ಹಾಕಬೇಡಿ. ಎರಡು ಯಂತ್ರಕ್ಕೆ ಮಾತ್ರ ಹಾಕಿ. ಒಂದು ವಿಂಡೋಸ್ 10, ಒಂದು ವಿಂಡೋಸ್ 11. ಅವುಗಳಲ್ಲಿ ನಿಮ್ಮ ಸಿಲೆಬಸ್ಸಿನ ಸಾಫ್ಟ್‌ವೇರ್ ಎಲ್ಲ ತೆಗೆದು ನೋಡಿ, ಪ್ರಿಂಟ್ ಕೊಟ್ಟು ನೋಡಿ. 2018ರ ಅಕ್ಟೋಬರ್ 2ರಂದು ಬಂದ ವಿಂಡೋಸ್ 10ರ 1809 ಆವೃತ್ತಿ ಕೆಲವರ ಡಾಕ್ಯುಮೆಂಟ್ ಫೋಲ್ಡರಿನ ಫೈಲುಗಳನ್ನೇ ಅಳಿಸಿಹಾಕಿತ್ತು. ಕೆಲವೇ ದಿನದಲ್ಲಿ ಅದನ್ನು ನಿಲ್ಲಿಸಿದರು. ಮತ್ತೆ ಬಿಟ್ಟಿದ್ದು ನವೆಂಬರ್ 13ಕ್ಕೆ. ಅಂಥದ್ದು ದಿನಾ ಆಗುವುದಿಲ್ಲ. ಆದರೂ ಮೂರು ದಿನ ಕಾದರೆ ನಿಮಗೆ ನಷ್ಟವಿಲ್ಲ, ಎರಡು ತಿಂಗಳು ಕಾದರೆ ಇದೆ.

ಈ ಎರಡು ಯಂತ್ರ ಮೊದಲು ಮಾಡುವುದಕ್ಕೆ ಇನ್ನೂ ಒಂದು ಕಾರಣವಿದೆ, ನಿಮ್ಮ ಬ್ರಾಡ್‌ಬ್ಯಾಂಡ್. ವಿಂಡೋಸ್‌ನಲ್ಲಿ ಡೆಲಿವರಿ ಆಪ್ಟಿಮೈಸೇಶನ್ ಅಂತ ಇದೆ. ಒಂದು ಯಂತ್ರ ಇಳಿಸಿಕೊಂಡದ್ದನ್ನು ಪಕ್ಕದ ಯಂತ್ರ ಲ್ಯಾಬಿನ ಒಳಗಿನ ಕೇಬಲ್ಲಿನಿಂದಲೇ ತೆಗೆದುಕೊಳ್ಳುತ್ತದೆ. ಪಾಲಿಸಿಯಲ್ಲಿ ಡೌನ್‌ಲೋಡ್ ಮೋಡ್ 1 ಇರಬೇಕು. ಆದರೆ ಇಳಿದ ಫೈಲುಗಳನ್ನು ಅದು ಹಂಚಲು ಇಟ್ಟುಕೊಳ್ಳುವುದು ಮೂರು ದಿನ ಮಾತ್ರ. ಬುಧವಾರ ಇಳಿಸಿದ್ದು ಶನಿವಾರದ ಹೊತ್ತಿಗೆ ಖಾಲಿಯಾಗಿರಬಹುದು. ಮ್ಯಾಕ್ಸ್ ಕ್ಯಾಶ್ ಏಜ್ ಎಂಬ ಪಾಲಿಸಿಯನ್ನು ಏಳು ದಿನಕ್ಕೆ ಏರಿಸಿ. ಅದನ್ನು ಸೆಕೆಂಡಿನಲ್ಲಿ ಕೊಡಬೇಕು, 604800. 10ರ ಫೈಲು 11ಕ್ಕೆ ಬರುವುದಿಲ್ಲ. ಅದಕ್ಕೇ ಎರಡೂ ಜಾತಿಯ ಒಂದೊಂದು ಯಂತ್ರ ಬೇಕು ಎಂದೆ. 4 ಜಿಬಿಗಿಂತ ಕಡಿಮೆ ರ‍್ಯಾಮ್ ಇರುವ ಯಂತ್ರ ಈ ಹಂಚಿಕೆಯಲ್ಲಿ ಸೇರುವುದಿಲ್ಲ, ಆಯ್ಕೆ ಮಾಡುವಾಗ ನೋಡಿಕೊಳ್ಳಿ. ಶನಿವಾರ ಆ ಎರಡನ್ನು ಆನ್ ಇಟ್ಟು, ಉಳಿದವನ್ನು ನಾಲ್ಕು ನಾಲ್ಕರಂತೆ 20 ನಿಮಿಷ ಬಿಟ್ಟು ಬಿಟ್ಟು ಶುರುಮಾಡಿ. ಯಂತ್ರದ ಹೆಸರಿನ ಕೊನೆಯ ಅಂಕಿಯನ್ನು ನೋಡಿ ಎಷ್ಟು ಕಾಯಬೇಕು ಎಂದು ಸ್ಕ್ರಿಪ್ಟೇ ಲೆಕ್ಕ ಹಾಕಬಹುದು. ಎಷ್ಟು ಹೊರಗಿನಿಂದ ಬಂತು, ಎಷ್ಟು ಪಕ್ಕದ ಯಂತ್ರದಿಂದ ಬಂತು ಅನ್ನುವುದನ್ನು ಗೆಟ್ ಡೆಲಿವರಿಆಪ್ಟಿಮೈಸೇಶನ್‌ಸ್ಟೇಟಸ್ ಎಂಬ ಕಮಾಂಡ್ ತೋರಿಸುತ್ತದೆ. ಮೊದಲ ತಿಂಗಳು ಅದನ್ನು ಕೂತು ನೋಡಿ. ಹಂಚಿಕೆ ನಡೆಯದಿದ್ದರೆ ಅಲ್ಲೇ ಗೊತ್ತಾಗುತ್ತದೆ.

ರಾತ್ರಿ ಮಾಡೋಣ ಅಂತ ಕೆಲವರು ಹೇಳುತ್ತಾರೆ. ನಮ್ಮ ಕಾಲೇಜುಗಳಲ್ಲಿ ಸಂಜೆ ಮೇನ್ ಸ್ವಿಚ್ಚೇ ಆಫ್ ಮಾಡಿ ಬೀಗ ಹಾಕುವುದು ರೂಢಿ. ಕರೆಂಟೇ ಇಲ್ಲದ ಯಂತ್ರವನ್ನು ಯಾವ ಕೋಡೂ ಎಬ್ಬಿಸಲಾರದು. ನೀವು ಅಲ್ಲೇ ಇರುವ ಶನಿವಾರ ಮಧ್ಯಾಹ್ನವೇ ಸರಿ. ಯುಪಿಎಸ್ ಎಷ್ಟು ಹೊತ್ತು ತಡೆಯುತ್ತದೆ ಅಂತ ಮೊದಲೇ ತಿಳಿದಿರಲಿ. ಮಧ್ಯದಲ್ಲಿ ಕರೆಂಟ್ ಹೋದರೆ ಸಾಮಾನ್ಯವಾಗಿ ವಿಂಡೋಸ್ ಹಿಂದಕ್ಕೆ ಹೋಗಿ ಮತ್ತೆ ಎದ್ದು ನಿಲ್ಲುತ್ತದೆ, ಆದರೆ ಅದನ್ನೇ ನಂಬಿ ಕೂರುವುದು ಬೇಡ.

ಇನ್ನು ರೀಸ್ಟಾರ್ಟ್. ಇನ್‌ಸ್ಟಾಲ್ ಆಗಿ 2 ಬಂದ ಕೂಡಲೇ ಕೆಲಸ ಮುಗಿಯಿತು ಅಂದುಕೊಳ್ಳಬೇಡಿ. ತಿಂಗಳ ದೊಡ್ಡ ಅಪ್‌ಡೇಟ್ ಪೂರ್ತಿಯಾಗುವುದು ರೀಸ್ಟಾರ್ಟ್ ಆಗುವಾಗ. ಆಗ ಕೆಟ್ಟು ಹಿಂದಕ್ಕೆ ಹೋದರೂ ನಿಮ್ಮ ಲಾಗಿನಲ್ಲಿ 2 ಎಂದೇ ಇರುತ್ತದೆ. ಮತ್ತೊಂದು ಸಂಗತಿ ಬಹಳ ಜನಕ್ಕೆ ತಿಳಿದಿಲ್ಲ. ಫಾಸ್ಟ್ ಸ್ಟಾರ್ಟಪ್ ಆನ್ ಇದ್ದರೆ ಸಂಜೆ ಶಟ್‌ಡೌನ್ ಮಾಡಿ ಬೆಳಗ್ಗೆ ಆನ್ ಮಾಡಿದ್ದು ಪೂರ್ತಿ ರೀಸ್ಟಾರ್ಟ್ ಅಲ್ಲ. ವಿಂಡೋಸ್‌ನ ತಿರುಳು ಡಿಸ್ಕಿಗೆ ಹೋಗಿ ಮಲಗಿ, ಬೆಳಗ್ಗೆ ಹಾಗೇ ಏಳುತ್ತದೆ. ದಿನಾ ಆಫ್ ಮಾಡುತ್ತೇವಲ್ಲ, ಆದರೂ ಯಾಕೆ ರೀಸ್ಟಾರ್ಟ್ ಕೇಳುತ್ತದೆ ಅಂತ ಅನಿಸಿದ್ದರೆ ಕಾರಣ ಇದು. ಲ್ಯಾಬಿನಲ್ಲಿ ಫಾಸ್ಟ್ ಸ್ಟಾರ್ಟಪ್ ತೆಗೆದುಬಿಡಿ.

ಸ್ಕ್ರಿಪ್ಟನ್ನು ಎರಡು ಭಾಗ ಮಾಡಿ. ಮೊದಲ ಭಾಗ ಹಾಕುತ್ತದೆ. ಮೈಕ್ರೋಸಾಫ್ಟ್ ಡಾಟ್ ಅಪ್‌ಡೇಟ್ ಡಾಟ್ ಸಿಸ್ಟಂಇನ್ಫೋ ಎಂಬ ಆಬ್ಜೆಕ್ಟಿನಲ್ಲಿ ರೀಬೂಟ್‌ರಿಕ್ವೈರ್ಡ್ ನಿಜ ಎಂದಿದ್ದರೆ, ಮೇಲಿನ ಮೂರು ಪ್ರಶ್ನೆ ಮತ್ತೆ ಕೇಳಿ, ಐದು ನಿಮಿಷದ ಸೂಚನೆ ಕೊಟ್ಟು ರೀಸ್ಟಾರ್ಟ್ ಮಾಡುತ್ತದೆ. ಎರಡನೇ ಭಾಗ ಯಂತ್ರ ಎದ್ದ ಮೇಲೆ ಓಡುತ್ತದೆ. ಅದರ ಕೆಲಸ ಒಂದೇ. ರಿಜಿಸ್ಟ್ರಿಯಿಂದ ಬಿಲ್ಡ್ ಸಂಖ್ಯೆಯನ್ನೂ ಅದರ ಜೊತೆಗಿರುವ ಯುಬಿಆರ್ ಎಂಬ ಅಂಕಿಯನ್ನೂ ಓದಿ, ಯಂತ್ರದ ಹೆಸರು, ತಾರೀಖಿನ ಜೊತೆ ಶೇರ್ಡ್ ಫೋಲ್ಡರಿಗೆ ಬರೆಯುವುದು. ತಿಂಗಳ ಅಪ್‌ಡೇಟ್ ಹಿಡಿದಿದ್ದರೆ ಯುಬಿಆರ್ ಏರಿರುತ್ತದೆ. ಏರದಿದ್ದರೆ ಲಾಗ್ ಏನೇ ಹೇಳಲಿ, ಆಗಿಲ್ಲ. ನಾನು ನಂಬುವುದು ಈ ಅಂಕಿಯನ್ನು ಮಾತ್ರ. ಆನ್ ಮಾಡಿದಾಗಲೆಲ್ಲ ಹಳೇ ಸ್ಥಿತಿಗೆ ತರುವ ಸಾಫ್ಟ್‌ವೇರ್ ನಿಮ್ಮ ಲ್ಯಾಬಿನಲ್ಲಿ ಇದ್ದರೆ ಈ ಅಂಕಿ ಎಂದೂ ಏರುವುದಿಲ್ಲ. ಪ್ರತಿ ಸಲ ಅಪ್‌ಡೇಟ್ ಅಳಿಸಿಹೋಗಿ ಮತ್ತೆ ಇಳಿಯುತ್ತಿರುತ್ತದೆ. ಹಾಕುವ ಮೊದಲು ಅದನ್ನು ಬಿಡಿಸಿ, ಮುಗಿದ ಮೇಲೆ ಮತ್ತೆ ಕಟ್ಟಬೇಕು.

ಅಪ್‌ಡೇಟ್ ಏನಾದರೂ ಕೈಕೊಟ್ಟರೆ ಉಳಿದ ಯಂತ್ರಗಳಲ್ಲಿ ಅದರ ಈಸ್‌ಹಿಡನ್ 1 ಮಾಡಿ, ಪಟ್ಟಿಗೆ ಬರುವುದಿಲ್ಲ. ಈಗಾಗಲೇ ಹಾಕಿದ್ದನ್ನು ಹಳೇ ವೂಸಾ ಕಮಾಂಡಿನಿಂದ ತೆಗೆಯಲು ಹೋದರೆ ಈಗ ಬಹುತೇಕ ಆಗುವುದಿಲ್ಲ. ಡಿಸ್ಮ್ ಕಮಾಂಡಿನಲ್ಲಿ ಪ್ಯಾಕೇಜಿನ ಹೆಸರು ಕೊಟ್ಟು ತೆಗೆಯಬೇಕು. ಸರ್ವರ್ ಇಟ್ಟು ಡಬ್ಲ್ಯುಎಸ್‌ಯುಎಸ್ (ಒಂದೇ ಕಡೆಯಿಂದ ಎಲ್ಲ ಯಂತ್ರಗಳಿಗೂ ಅಪ್‌ಡೇಟ್ ಹಂಚುವ ವ್ಯವಸ್ಥೆ) ಹಾಕಿ ಅಂತ ಯಾರಾದರೂ ಹೇಳಬಹುದು. ಅದಕ್ಕೆ ವಿಂಡೋಸ್ ಸರ್ವರ್ ಬೇಕು. ಡಬ್ಲ್ಯುಎಸ್‌ಯುಎಸ್‌ಗೆ ಹೊಸದೇನೂ ಸೇರಿಸುವುದಿಲ್ಲ ಎಂದು ಮೈಕ್ರೋಸಾಫ್ಟ್ 2024ರ ಸೆಪ್ಟೆಂಬರ್‌ನಲ್ಲಿ ಹೇಳಿದೆ. 40 ಯಂತ್ರಕ್ಕೆ ಅಷ್ಟೆಲ್ಲ ಬೇಡ.

ನಿಮ್ಮ ವಿಂಡೋಸ್ 10 ಯಂತ್ರಗಳ ಬಗ್ಗೆ ನನಗೆ ಹೆಚ್ಚು ಚಿಂತೆ. ಅದರ ಉಚಿತ ಭದ್ರತಾ ಅಪ್‌ಡೇಟ್ 2025ರ ಅಕ್ಟೋಬರ್ 14ಕ್ಕೆ ಮುಗಿದಿದೆ. ನಿಮ್ಮ ಪ್ರೋಗ್ರಾಂ ಇದನ್ನು ಹೇಳುವುದಿಲ್ಲ. ಹುಡುಕಿ ನೋಡಿ, ಬಾಕಿ ಏನೂ ಇಲ್ಲ ಎನ್ನುತ್ತದೆ. ವಿಂಡೋಸ್‌ನದ್ದೇ ಆಂಟಿವೈರಸ್ ಆದ ಡಿಫೆಂಡರಿನ ಫೈಲುಗಳು ಬರುತ್ತಲೇ ಇರುತ್ತವೆ, ಹಾಗಾಗಿ ಲಾಗ್ ಕೂಡ ಜೀವಂತವಾಗಿ ಕಾಣುತ್ತದೆ. ಆದರೆ ವಿಂಡೋಸ್‌ನ ತೂತುಗಳು ಮುಚ್ಚುತ್ತಿರುವುದಿಲ್ಲ. ಅದಕ್ಕೇ ಯುಬಿಆರ್ 45 ದಿನ ಏರದ ಯಂತ್ರವನ್ನು ಕೆಂಪು ಪಟ್ಟಿಗೆ ಹಾಕುವ ಒಂದು ಸಾಲು ಸೇರಿಸಿ. ವಿಂಡೋಸ್ 11ಕ್ಕೆ ಏರುವ ಶಕ್ತಿ ಇರುವ ಯಂತ್ರಗಳನ್ನು ಏರಿಸಿ. ಆಗದವುಗಳಿಗೆ ಹೆಚ್ಚುವರಿ ಭದ್ರತಾ ಅಪ್‌ಡೇಟ್ ಕೊಳ್ಳಬಹುದು. ಶಿಕ್ಷಣ ಸಂಸ್ಥೆಗಳಿಗೆ ಒಂದು ಯಂತ್ರಕ್ಕೆ ಮೊದಲ ವರ್ಷ 1 ಡಾಲರ್, ಎರಡನೇ ವರ್ಷ 2, ಮೂರನೇ ವರ್ಷ 4 ಎಂದು ಮೈಕ್ರೋಸಾಫ್ಟ್ ಬೆಲೆ ಇಟ್ಟಿದೆ. 20 ಯಂತ್ರಕ್ಕೆ ದೊಡ್ಡ ಮೊತ್ತವಲ್ಲ. ಪ್ರಿನ್ಸಿಪಾಲರಿಗೆ ಟಿಪ್ಪಣಿ ಬರೆಯುವಾಗ ಈ ಅಂಕಿಗಳನ್ನೇ ಹಾಕಿ. ಕೊಂಡ ಮೇಲೆ ಆ ಅಪ್‌ಡೇಟ್‌ಗಳು ಇದೇ ದಾರಿಯಲ್ಲಿ ಬರುತ್ತವೆ, ನಿಮ್ಮ ಸ್ಕ್ರಿಪ್ಟ್ ಬದಲಾಯಿಸಬೇಕಿಲ್ಲ.

ಎಲ್ಲವನ್ನೂ ಒಂದೇ ಸಲ ಬರೆಯಲು ಕೂರಬೇಡಿ. ಈ ವಾರ ಹುಡುಕುವ ಭಾಗ ಮತ್ತು ಯುಬಿಆರ್ ಬರೆದಿಡುವ ಭಾಗ, ಇವೆರಡನ್ನೇ ಮಾಡಿ. ಇವು ಯಾವ ಯಂತ್ರವನ್ನೂ ಮುಟ್ಟುವುದಿಲ್ಲ, ಓದುತ್ತವೆ ಅಷ್ಟೇ. 40 ಯಂತ್ರಗಳ ಪಟ್ಟಿ ಕೈಗೆ ಬಂದಾಗ ಯಾವುದು ಎಷ್ಟು ಹಿಂದಿದೆ ಅಂತ ಕಾಣುತ್ತದೆ. ಇನ್‌ಸ್ಟಾಲ್ ಸಾಲನ್ನು ಆಮೇಲೆ ಸೇರಿಸಿ, ಅದೂ ಮೊದಲು ನಿಮ್ಮ ಮೇಜಿನ ಯಂತ್ರದಲ್ಲಿ.